ನುಣುಪು ಕುತ್ತಿಗೆಯ ಸಂತರು

ಓಸ್ಟರ್‌ವೇನ್
೯ ಅಕ್ಟೋಬರ್ ೨೦೧೯, ಬುಧವಾರ

ಪ್ರೀತಿಯ ಅಪ್ಪಾ,

ಮೊಣಕಾಲು ಹೇಗಿದೆ? ದ್ವೀಪದ ಗಾಳಿಗೆ ನೋವು ಜಾಸ್ತಿಯಾಗಿರಬೇಕು. ಟ್ರೈನ್‌ಚೆ ಅತ್ತೆ ಕೊಡೋ ಉಣ್ಣೆ ಪಟ್ಟಿ ಕಟ್ಟಿಕೋ, ಹಟ ಮಾಡಬೇಡ. ಫೋನ್ ಮಾಡಿದರೆ ರಿಸೀವರ್ ಕುಕ್ಕಿಬಿಡ್ತೀಯ, ಅದಕ್ಕೇ ಈ ಕಾಗದ.

ನೀನು ಮುನಿಸಿಕೊಂಡು ದ್ವೀಪಕ್ಕೆ, ಅತ್ತೆ ಮನೆಗೆ ಹೋಗಿ ಮೂರು ವಾರವಾಯ್ತು. ಅವತ್ತು ನಿನ್ನ ಎಪ್ಪತ್ತೈದರ ಹುಟ್ಟುಹಬ್ಬ. ನಮ್ಮ ಪದ್ಧತಿಯಂತೆ ಸುತ್ತ ಕುರ್ಚಿ ಹಾಕಿ, ಎಲ್ಲರೂ ಎಲ್ಲರಿಗೂ ಶುಭಾಶಯ ಹೇಳಿ, ಕಾಫಿ ಜೊತೆ ಒಂದೊಂದೇ ತುಂಡು ಕೇಕು ತಿಂತಾ ಇದ್ವಿ. ನೀನು ಎಂದಿನ ಹಾಗೆ ಶುರು ಮಾಡಿದೆ: "ನಮ್ಮ ಚರ್ಚಿನ ಸಂತರ ಕಲ್ಲುಮೂರ್ತಿಗಳ ತಲೆ ಹಾರಿಸಿದ್ದು ಹೊರಗಿನ ಪುಂಡರು, ನಮ್ಮೂರಿನೋರು ಅಂಥೋರಲ್ಲ." ನಾನೂರು ವರ್ಷದ ಹಿಂದಿನ ಕ್ಯಾಥೊಲಿಕ್-ಪ್ರೊಟೆಸ್ಟಂಟ್ ಜಗಳಗಳನ್ನು ಓದಿ ಓದಿ ಕಣ್ಣು ಹಾಳುಮಾಡಿಕೊಂಡ ನಿನ್ನ ಮಗಳು ಬಾಯಿ ಮುಚ್ಚಿಕೊಂಡಿರಬೇಕಿತ್ತು. "ಇಲ್ಲಪ್ಪಾ, ತೆಗೆದದ್ದು ನಮ್ಮೂರಿನೋರೇ, ನಮ್ಮ ಪ್ರೊಟೆಸ್ಟಂಟರೇ" ಅಂದುಬಿಟ್ಟೆ. ಅದೂ ನಿನ್ನ ಹಳೇ ಗೆಳೆಯ, ಕ್ಯಾಥೊಲಿಕ್ ಲ್ಯಾಂಬರ್ಟಸ್ ಮಾಮ ನಿನ್ನ ಪಕ್ಕದಲ್ಲೇ ಕೂತಿರುವಾಗ! ಮೂವತ್ತು ವರ್ಷ ಚರ್ಚು ನೋಡೋಕೆ ಬಂದವರಿಗೆಲ್ಲ ನೀನು ಹೇಳಿದ ಕಥೆ ಅದು. ನಾನು ಹೇಳಿದ್ದು ತಪ್ಪಲ್ಲ ಅಪ್ಪಾ, ಹೇಳಿದ ಜಾಗ ತಪ್ಪು. ಅಷ್ಟಕ್ಕೆ ಕ್ಷಮೆ ಕೇಳ್ತೀನಿ.

"ಆ ಫಲಕ ತೆಗೆದರೆ ಮಾತ್ರ ಬರ್ತೀನಿ" ಅಂತ ಅತ್ತೆ ಕೈಲಿ ಹೇಳಿಕಳಿಸಿದೆಯಲ್ಲ, ತೆಗೆಯಲ್ಲ. ಶನಿವಾರ ಚರ್ಚಿನಲ್ಲಿ ನನ್ನ ಪ್ರದರ್ಶನ ಶುರು, ನಮ್ಮೂರಿನೋರೇ ತೆಗೆದರು ಅಂತ ನಾನು ಬರೆದ ಫಲಕ ಅಲ್ಲೇ ಇರುತ್ತೆ. ಆ ಕಾಲದ ಊರಸಭೆಯ ಪುಸ್ತಕದಲ್ಲಿ ಇದೆ, ನಮ್ಮೂರ ಕೆಲಸಗಾರರೇ ಹಾಡುಹಗಲಲ್ಲಿ ಏಣಿ ಹಾಕಿ ಗರಗಸದಲ್ಲಿ ಕೊಯ್ದರು ಅಂತ. ಆದರೆ ಪುಸ್ತಕ ನೋಡಿ ನಂಬಿದವಳಲ್ಲ ನಾನು. ಏಳು ವರ್ಷದವಳಿದ್ದಾಗ ನನ್ನನ್ನು ಏಣಿ ಹತ್ತಿಸಿ, ಕೆಳಗೆ ಹಿಡ್ಕೊಂಡು, "ಸಂತನ ಕುತ್ತಿಗೆ ಮುಟ್ಟಿ ನೋಡೇ, ಎಷ್ಟು ನುಣುಪು!" ಅಂದೆಯಲ್ಲ, ನೆನಪಿದೆಯಾ? ಸುತ್ತಿಗೆ ಏಟಿಗೆ ಕಲ್ಲು ಹಾಗೆ ಒಡೆಯುತ್ತಾ? ನಲವತ್ತು ವರ್ಷ ಗರಗಸ ಹಿಡಿದ ಬಡಗಿ ನೀನು. ನನಗಿಂತ ಮೊದಲೇ ನಿನ್ನ ಬೆರಳಿಗೆ ಗೊತ್ತಿರಬೇಕು.

ಲ್ಯಾಂಬರ್ಟಸ್ ಮಾಮನ ಮುಖ ನೋಡೋಕಾಗಲ್ಲ ಅಂತ ತಾನೇ ಓಡಿಹೋಗಿದ್ದು? ನಿನ್ನೆ ಅವನೇ ಬಂದಿದ್ದ. "ಅಯ್ಯೋ ಮಾರಾಯ್ತಿ, ಅದು ನಮ್ಮಜ್ಜಿಗೇ ಗೊತ್ತಿತ್ತು! ನಿಮ್ಮಪ್ಪ ಅಷ್ಟು ಖುಷಿಯಿಂದ ಹೇಳ್ತಾನಲ್ಲ ಅಂತ ಸುಮ್ಮನಿದ್ದೆ. ಮುದುಕನ್ನ ಬೇಗ ಕರೆಸು, ಇಸ್ಪೀಟಿಗೆ ಜೋಡಿ ಇಲ್ಲ" ಅಂದ. ಕೇಳಿದೆಯಾ? ನೀನು ಇಷ್ಟು ವರ್ಷ ಅವನ ಮನಸ್ಸು ಕಾಯ್ದೆ, ಅವನು ನಿನ್ನದನ್ನು ಕಾಯ್ದ. ನನಗೆ ಅಳು ಬಂತು.

ಅತ್ತೆಗೆ ನನ್ನ ಮುತ್ತು ಕೊಡು. ಆರೋಗ್ಯ ಜೋಪಾನ.

ನಿನ್ನ ಬಾಯಿಬಡುಕಿ ಮಗಳು,
ಹಿಲ್ಲೆ

ಮರೆತಿದ್ದೆ: ಶನಿವಾರ ಹನ್ನೊಂದಕ್ಕೆ ನೋಡುಗರ ಮೊದಲ ಗುಂಪು ಬರುತ್ತೆ. ಕರಪತ್ರದಲ್ಲಿ ಚರ್ಚು ತೋರಿಸುವವರು ಅಂತ ನಿನ್ನ ಹೆಸರೇ ಅಚ್ಚಾಗಿದೆ. ಕೇಳದೇ ಹಾಕಿಸಿದೆ, ಬೈಕೋ. ಯಾವ ಕಥೆ ಬೇಕಾದರೂ ಹೇಳು, ನಾನು ಹಿಂದೆ ತುಟಿ ಬಿಚ್ಚದೆ ನಿಂತಿರ್ತೀನಿ. ಆದರೆ ಮೊದಲು ಒಂದು ಸಲ ಏಣಿ ಹತ್ತಿ ಆ ಕುತ್ತಿಗೆ ಮುಟ್ಟು. ಮೊಣಕಾಲಿಗೆ ಹೆದರಬೇಡ, ಈ ಸಲ ಕೆಳಗೆ ನಾನು ಹಿಡ್ಕೊಂಡಿರ್ತೀನಿ.