ಅಕ್ಟೋಬರಿನಲ್ಲಿ ತೆರೆದ ಹಗೇವು

ರೋಕ್ಕಲ್ಬಾ
ಅಕ್ಟೋಬರ್ 27, ಭಾನುವಾರ

ತಂಗಿ ಫೋಸ್ಕಾಳಿಗೆ ಅಕ್ಕ ಸೆರಫೀನಾ ಬರೆಯುವುದು.

ನಿನ್ನ ಕಾಗದ ತಲುಪಿ ಹತ್ತು ದಿನವಾಯಿತು. ತಡವಾಗಿ ಉತ್ತರಿಸುತ್ತಿರುವುದಕ್ಕೆ ಕ್ಷಮೆಯಿರಲಿ. ಕ್ಷಮೆ ಈ ಹತ್ತು ದಿನಕ್ಕೆ ಮಾತ್ರ, ನಾವು ಮಾತು ಬಿಟ್ಟ ಇಪ್ಪತ್ತೆರಡು ವರ್ಷಕ್ಕಲ್ಲ. ಮೊದಲ ನಾಲ್ಕು ದಿನ ನಾನು ಲಕೋಟೆ ಒಡೆಯಲೇ ಇಲ್ಲ. ಹಿಟ್ಟಿನ ಡಬ್ಬಿಗೆ ಒರಗಿಸಿಟ್ಟು ಅದರ ಎದುರು ಕೂತು ಊಟ ಮಾಡಿದೆ. ಆಮೇಲೆ ಆಲಿವ್ ಕೊಯ್ಲು ಶುರುವಾಯಿತು. ಈ ಸಲ ಕಾಯಿ ಸಣ್ಣದು, ಎಣ್ಣೆ ಮಾತ್ರ ಖಾರವಾಗಿ ಚೆನ್ನಾಗಿದೆ.

ನಾನು ಆರೋಗ್ಯವಾಗಿದ್ದೇನೆ. ನಿನ್ನ ಮಂಡಿ ಹೇಗಿದೆ? ಅವತ್ತು ನೀನು ಮೆಟ್ಟಿಲಿಳಿಯುವಾಗ ಗೋಡೆ ಹಿಡಿದದ್ದನ್ನು ಕಂಡೆ. ಅಮ್ಮನಿಗೂ ಎಪ್ಪತ್ತೊಂದಕ್ಕೇ ಮಂಡಿ ಹಿಡಿದಿತ್ತು. ಅದು ನಿನಗೆ ಗೊತ್ತಿರಲಾರದು.

"ಹೊರದೇಶದವರ ಎದುರು ಎರಡು ಮಾತು ಕಟ್ಟಿ ಹೇಳಿದರೆ ನಿನಗೇನು ನಷ್ಟ ಅಕ್ಕ? ಸಂಜೆ ಹೊತ್ತಿಗೆ ಅವರು ನನ್ನ ಹೆಸರನ್ನೂ ಮರೆತಿರುತ್ತಾರೆ. ನೀನು ನನ್ನ ಹೊಟ್ಟೆಯ ಮೇಲೆ ಹೊಡೆದೆ" ಎಂದು ಬರೆದಿದ್ದೀಯ. ಉತ್ತರ ಕೊಡುತ್ತೇನೆ. ಆದರೆ ಅವತ್ತು ನಾನು ಹೇಗೆ ಬಂದೆ ಎಂಬುದನ್ನು ಮೊದಲು ತಿಳಿದುಕೋ. ಅಕ್ಕ ಸಿಟ್ಟಿನ ಭರದಲ್ಲಿ ಬಂದು ಕೂಗಾಡಿದಳು ಎಂದು ಹೇಳಿಕೊಂಡು ತಿರುಗುತ್ತಿದ್ದೀಯಂತೆ. ಭರದಲ್ಲಿ ಬರಲಿಲ್ಲ. ಏಪ್ರಿಲ್‌ನಿಂದ ಕಾದು ಬಂದೆ.

ಪ್ರೀಮೊ ನಿನಗೆ ಗೊತ್ತು. ನಮ್ಮ ಕಮ್ಮಾರನ ಮಗ, ಈಗ ಆ ಪ್ರವಾಸದ ಬಸ್ಸು ಓಡಿಸುತ್ತಾನೆ. 'ಒಂದು ದಿನ, ಮೂರು ಬೆಟ್ಟದೂರು, ಮೂರು ರುಚಿ' ಎಂದು ಅದರ ಮೈಮೇಲೆ ಬರೆಸಿದ್ದಾರೆ. ಈಸ್ಟರ್ ಕಳೆದ ವಾರ ಇಲ್ವಾಳ ಕಾಫಿ ಅಂಗಡಿಯಲ್ಲಿ ಅವನು ಎಲ್ಲರಿಗೂ ಕೇಳುವಂತೆ ಹೇಳಿದ:

"ಸೆರಫೀನಮ್ಮ, ನಿಮ್ಮ ತಂಗಿ ಬಹಳ ಚೆನ್ನಾಗಿ ಅಳ್ತಾರೆ ಕಣ್ರೀ. ಪ್ರತಿ ಶನಿವಾರ, ಸರಿಯಾಗಿ ಹನ್ನೆರಡೂವರೆಗೆ. ನಾನು ಗಡಿಯಾರ ತಿದ್ಕೊಳ್ಳೋದೇ ಅದನ್ನ ನೋಡಿ."

"ಯಾಕೆ ಅಳ್ತಾಳೆ?"

"ನಿಮ್ಮಮ್ಮ ಅವರ ತೊಡೆ ಮೇಲೆ ಪ್ರಾಣ ಬಿಟ್ರಂತಲ್ಲ. ಕೊನೇ ಉಸಿರಲ್ಲಿ 'ಫೋಸ್ಕಾ' ಅಂದ್ರಂತೆ. ಅಮೆರಿಕದ ಹೆಂಗಸರು ಕರ್ಚೀಫು ತೆಗೀತಾರೆ. ಆಮೇಲೆ ಚೀಸು ತಗೋತಾರೆ. ಅಮ್ಮನ ಮನೆ ಹಗೇವಿಂದ ನಿನ್ನೆ ತಾನೇ ತೆಗೆದದ್ದು ಅಂತ ಹೇಳಿ ಕೊಡ್ತಾರೆ, ಎಲ್ಲಾ ವಾರಾನೂ ನಿನ್ನೇನೇ."

ಇಲ್ವಾ ಲೋಟ ಒರೆಸುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದಳು. ನಾನು ಕಾಫಿ ಮುಗಿಸಿ ಮನೆಗೆ ಬಂದೆ. ಅವತ್ತೇ ಬಂದು ನಿನ್ನ ಬಾಗಿಲು ಬಡಿಯಬಹುದಿತ್ತು. ಬಡಿಯಲಿಲ್ಲ. ಹಗೇವು ಮುಚ್ಚಲಿ ಎಂದು ಕಾದೆ.

ಆಗಸ್ಟ್ ಹದಿನಾಲ್ಕರಂದು ಅರವತ್ತು ಮನೆಯ ಚೀಸಿನ ಚೀಲಗಳನ್ನು ನೆಲದಡಿಯ ಗುಂಡಿಗೆ ಇಳಿಸಿ, ಮುಚ್ಚಳ ಹಾಕಿ, ಸುತ್ತ ಸುಣ್ಣದ ಗಾರೆ ಮೆತ್ತಿದೆ. ಇನ್ನು ಅದನ್ನು ತೆರೆಯುವುದು ಸಂತ ಕತರೀನಾಳ ಹಬ್ಬಕ್ಕೆ, ನವೆಂಬರ್ ಇಪ್ಪತ್ತೈದಕ್ಕೆ. ನಡುವೆ ಒಂದು ಬೆರಳಷ್ಟು ಗಾಳಿ ಹೋದರೂ ಅರವತ್ತು ಮನೆಯ ಚೀಸೂ ಹಾಳು. ಇದೆಲ್ಲ ನಿನಗೆ ಗೊತ್ತಿದ್ದದ್ದೇ. ಹುಲ್ಲು ಸುಟ್ಟು ಹಗೇವು ಒಣಗಿಸುವ ಮನೆಯಲ್ಲಿ ನೀನೂ ಹುಟ್ಟಿದವಳು. ಆದರೆ ಮದುವೆಯಾಗಿ ಹೋಗಿ ನಲವತ್ತೆಂಟು ವರ್ಷ ಮೊಂತೆರೂಸ್ಕೊದಲ್ಲಿ ಬಾಳಿದವರಿಗೆ ತಾರೀಖು ನೆನಪಿರುವುದಿಲ್ಲ. ಅವರು ತಮ್ಮ ಚರ್ಚಿನ ಗಂಟೆಯನ್ನೂ ನಮ್ಮ ಗಂಟೆ ಕೇಳಿಸಿಕೊಂಡ ಮೇಲೆ ಬಾರಿಸುವ ಜನ.

ಅಕ್ಟೋಬರ್ ಹನ್ನೆರಡರ ಶನಿವಾರ ಕೆಳಗಿನ ರೈಲು ನಿಲ್ದಾಣಕ್ಕೆ ಹೋಗಿ ಬಸ್ಸು ಹತ್ತಿದೆ. ತಲೆಗೆ ಹುಲ್ಲಿನ ಟೋಪಿ, ಕಣ್ಣಿನ ಆಪರೇಷನ್ ಆದಾಗ ಕೊಟ್ಟಿದ್ದ ಕಪ್ಪು ಕನ್ನಡಕ. ನನ್ನನ್ನು ಕಂಡು ಪ್ರೀಮೊ ಕೆಮ್ಮಿದ, ಅಷ್ಟೇ. ಹಿಂದಿನ ಸೀಟು ತೋರಿಸಿದ. ಮಾರ್ಗದರ್ಶಿ ಕೊರಾದೊ ಬಯಲು ಸೀಮೆಯವನು, ನನ್ನನ್ನು ಕಂಡವನಲ್ಲ.

"ಬೆಟ್ಟದ ಊರುಗಳಿಗೆ ಮೊದಲನೇ ಸಲ ಬರ್ತಿದ್ದೀರಾ ಅಮ್ಮಾ?"

"ಟಿಕೆಟ್ ತಗೊಂಡು ಮೊದಲನೇ ಸಲ."

ನನ್ನ ಪಕ್ಕದಲ್ಲಿ ಹಾಲೆಂಡಿನ ಒಬ್ಬ ಮುದುಕಿ ಕೂತಿದ್ದಳು. ಆಸ್ಪತ್ರೆಯಲ್ಲಿ ದಾದಿಯಾಗಿದ್ದು ನಿವೃತ್ತಳಾದವಳು. ಹರೆಯದಲ್ಲಿ ಜಿನೋವಾದಲ್ಲಿ ಕೆಲಸ ಮಾಡಿದ್ದಳಂತೆ, ನಮ್ಮ ಭಾಷೆ ಚೆನ್ನಾಗಿ ಬರುತ್ತಿತ್ತು. ಮೊದಲ ಊರು ಪೆನ್ನಾಲ್ತಾ. ಬೆಳಗಿನ ಹತ್ತು ಗಂಟೆಗೇ ಎಲ್ಲರ ಕೈಗೂ ಕೆಂಪು ವೈನು ಕೊಟ್ಟರು. ಜೊತೆಗೆ ಉಪ್ಪಿನಲ್ಲಿಟ್ಟ ಹಂದಿ ಮಾಂಸ, ಚಪ್ಪಲಿ ಅಟ್ಟೆಯಷ್ಟು ದಪ್ಪ ಕೊಯ್ದದ್ದು. ಅದನ್ನು ಕೊಯ್ದವನ ಅಜ್ಜ ಬದುಕಿದ್ದರೆ ಚಾಕು ಕಿತ್ತುಕೊಳ್ಳುತ್ತಿದ್ದ.

ಎರಡನೆಯ ಊರು ನಮ್ಮದೇ. ಹದಿನೇಳು ಜನರ ಜೊತೆ ಕತ್ತೆತ್ತಿಕೊಂಡು ನಾನು ನನ್ನ ಬೀದಿಯಲ್ಲೇ ನಡೆದೆ. ನನ್ನ ಮನೆಯ ಎದುರು ಕೊರಾದೊ ನಿಂತ. "ಈ ಮನೆಯ ಕೆಳಗೆ ಏಳು ನೂರು ವರ್ಷದ ಹಗೇವು ಇದೆ" ಎಂದ. "ಇದು ಮುಂದಿನ ಊರಲ್ಲಿ ನೀವು ನೋಡೋ ಫೋಸ್ಕಾ ಅವರ ತವರುಮನೆ. ಈಗ ಇಲ್ಲಿರೋದು ಅವರ ಅಕ್ಕ. ಸ್ವಲ್ಪ ಕಟು ಸ್ವಭಾವದವರು, ಯಾರನ್ನೂ ಒಳಗೆ ಬಿಡಲ್ಲ. ಪಾಪ ಫೋಸ್ಕಾ ಹಿಂದಿನ ಬಾಗಿಲಿಂದ ಹೋಗಿ ಚೀಸು ತರಬೇಕು."

ಎಲ್ಲರೂ ನನ್ನ ಬಾಗಿಲಿನ ಫೋಟೋ ತೆಗೆದರು. ಹಾಲೆಂಡಿನವಳು ನನ್ನ ಕಿವಿಯ ಹತ್ತಿರ, "ಯಾರ ಮೇಲಿನ ಸಿಟ್ಟೋ, ಪಾಪ" ಎಂದಳು.

"ಇವತ್ತು ಗೊತ್ತಾಗುತ್ತೆ" ಎಂದೆ.

ಇಲ್ವಾಳ ಅಂಗಡಿಯಲ್ಲಿ ರೊಟ್ಟಿ ಮತ್ತು ಕಾಡುಸೊಪ್ಪಿನ ಪಲ್ಯ. ತಟ್ಟೆ ಕೊಡುವಾಗ ಅವಳು ಬಗ್ಗಿ ನೋಡಿದಳು. "ಅಯ್ಯೋ ಸೆರಫೀನಾ, ನಿಮ್ಮ ಮನೆ ನೋಡೋಕೆ ನೀವೇ ಟಿಕೆಟ್ ತಗೊಂಡ್ರಾ?"

"ರೊಟ್ಟಿ ಹಾಕು, ಬಾಯಿ ಮುಚ್ಚು."

"ಹಾಕ್ತೀನಿ. ಅಲ್ಲಿ ಏನಾಯ್ತು ಅಂತ ಸಂಜೆ ಹೇಳ್ಬೇಕು ಮತ್ತೆ."

ಹನ್ನೆರಡೂವರೆಗೆ ನಿನ್ನ ನೆಲಮಾಳಿಗೆಗೆ ಇಳಿದೆವು. ನೀನು ನಿನ್ನನ್ನು ನೋಡಿಕೊಂಡಿರಲಾರೆ, ಹೇಳುತ್ತೇನೆ ಕೇಳು. ಮೈಮೇಲೆ ಕಪ್ಪು ಬಟ್ಟೆ, ಸೊಂಟಕ್ಕೆ ಬಿಳಿ ಏಪ್ರನ್, ಅಮ್ಮ ಕಟ್ಟಿಕೊಳ್ಳುತ್ತಿದ್ದ ಹಾಗೆ ಹಿಂದಕ್ಕೆ ಬಿಗಿದ ಕೂದಲು. ಗೋಡೆಯ ಮೇಲೆ ಚಿನ್ನದ ಬಣ್ಣದ ಚೌಕಟ್ಟಿನಲ್ಲಿ ಅಮ್ಮನ ಚಿತ್ರ. ಅದು ನಾವು ಮೂವರೂ ಹಗೇವಿನ ಪಕ್ಕ ನಿಂತು ತೆಗೆಸಿದ್ದು. ನನ್ನನ್ನು ಕತ್ತರಿಸಿದ್ದೀಯ. ಅಮ್ಮನ ಹೆಗಲ ಮೇಲಿದ್ದ ನನ್ನ ಕೈಯನ್ನು ಮಾತ್ರ ಕತ್ತರಿಸಲಾಗಲಿಲ್ಲ, ಅದು ಹಾಗೇ ಉಳಿದಿದೆ.

ನೀನು ಹೇಳುತ್ತ ಹೋದೆ, ಕೊರಾದೊ ಅವರ ಭಾಷೆಗೆ ತಿರುಗಿಸುತ್ತ ಹೋದ. ಒಂಬತ್ತು ವರ್ಷ ಅಮ್ಮನ ಸೇವೆ ಮಾಡಿದೆನೆಂದೆ. ಅನ್ನುವಾಗ ನಿನ್ನ ದನಿ ನಡುಗಿತು. ನಿಜವಾಗಿ ನಡುಗಿತು, ಅದನ್ನು ಒಪ್ಪುತ್ತೇನೆ. ಜೇನು, ಪೇರುಹಣ್ಣು, ಚೀಸಿನ ತುಂಡು ಇಟ್ಟ ಹಲಗೆ ಹಿಡಿದು ನನ್ನ ಹತ್ತಿರ ಬಂದು, "ಇನ್ನೊಂದು ಚೂರು ಕೊಡಲೇ ಅಮ್ಮಾ?" ಎಂದೆ. ಒಡಹುಟ್ಟಿದವಳ ಗುರುತು ನಿನಗೆ ಸಿಗಲಿಲ್ಲ.

"ಇದನ್ನ ಯಾವಾಗ ತೆಗೆದದ್ದು?" ಎಂದು ಕೇಳಿದೆ.

"ನಿನ್ನೆ ಅಮ್ಮಾ. ಅಮ್ಮನ ಹಗೇವು ಸ್ವತಃ ತೆರೆದು, ನನ್ನ ಕೈಯಾರೆ."

"ಅಕ್ಟೋಬರ್ ಹನ್ನೊಂದಕ್ಕೆ?"

ಬಾಗಿಲಲ್ಲಿ ನಿಂತಿದ್ದ ಪ್ರೀಮೊ ಗೊಳ್ಳೆಂದು ನಕ್ಕ. ಬೆಟ್ಟದಲ್ಲಿ ಹುಟ್ಟಿದವರಿಗೆ ಅಷ್ಟು ಸಾಕು. ಹೊರದೇಶದವರಿಗೆ ಸಾಕಾಗುವುದಿಲ್ಲ ಎಂದು ನಾನು ಎದ್ದು, ಮೇಜಿನ ಮೇಲಿದ್ದ ಇಡೀ ಚೀಸನ್ನು ಎತ್ತಿ, ಅಂಚಿನ ಮೇಲೆ ನಿಲ್ಲಿಸಿ ತಳ್ಳಿದೆ. ಅದು ಬಂಡಿಯ ಗಾಲಿಯ ಹಾಗೆ ಮೇಜಿನುದ್ದಕ್ಕೂ ಉರುಳಿ ಕೊನೆಯಲ್ಲಿ ಒಬ್ಬನ ಮಡಿಲಿಗೆ ಬಿತ್ತು.

"ಹಗೇವಿನ ಚೀಸು ಉರುಳಲ್ಲ" ಎಂದೆ. "ಮೂರು ತಿಂಗಳು ಚೀಲದ ಮೇಲೆ ಚೀಲ ಕೂತು, ಅದು ಸೊಟ್ಟಗಾಗಿ, ಮೈಯೆಲ್ಲ ಜಿಡ್ಡಾಗಿ ಬರುತ್ತೆ. ಇದು ಅಂಗಡಿಯಿಂದ ಬಂದದ್ದು."

ಕೊರಾದೊ ಅನುವಾದ ನಿಲ್ಲಿಸಿದ. ಆಗ ಹಾಲೆಂಡಿನ ದಾದಿ ಎದ್ದು ನಿಂತು ತಾನೇ ಶುರು ಮಾಡಿದಳು, ಒಂದು ಮಾತೂ ಬಿಡದೆ. ರೋಗಿಯ ವರದಿ ಓದುವ ಹಾಗೆ.

"ನಿಮ್ಮಮ್ಮ ಯಾವ ಕೋಣೇಲಿ ತೀರಿಕೊಂಡ್ರು?" ಎಂದು ಕೇಳಿದೆ.

ನೀನು ಆಗಲೇ ಬೆಳ್ಳಗಾಗಿದ್ದೆ. ಆದರೂ ಉತ್ತರಿಸಿದೆ. "ಮೇಲಿನ ಕೋಣೇಲಿ. ಕಣಿವೆ ಕಡೆ ಕಿಟಕಿ ಇರೋ..."

ನಾನು ಕನ್ನಡಕ ತೆಗೆದೆ. "ಅಮ್ಮ ಒಂಬತ್ತು ವರ್ಷ ಆ ಮೆಟ್ಟಿಲು ಹತ್ತಲಿಲ್ಲ ಫೋಸ್ಕಾ. ಅಡುಗೆಮನೇಲಿ, ಒಲೆ ಪಕ್ಕ ಮಲಗಿದ್ಲು. ಅಲ್ಲೇ ಹೋದ್ಲು. ನೀನು ಅವಳ ಸಮಾಧಿ ಮುಚ್ಚೋದಕ್ಕೂ ಮೊದಲೇ ಬಸ್ಸಿಗೆ ಹೊರಟೆ."

ಯಾರೂ ಏನೂ ಕೊಳ್ಳಲಿಲ್ಲ. ಒಬ್ಬ ಹೆಂಗಸು ಕೈಯಲ್ಲಿದ್ದ ಜೇನಿನ ಬಾಟಲಿಯನ್ನು ಸದ್ದಾಗದ ಹಾಗೆ ಕೆಳಗಿಟ್ಟಳು. ಆ ಮೌನವನ್ನು ನಾನು ಆರು ತಿಂಗಳಿಂದ ಮನಸ್ಸಿನಲ್ಲಿ ಕೇಳಿಕೊಂಡಿದ್ದೆ. ನಿಜಕ್ಕೂ ಕೇಳಿದಾಗ ಇನ್ನೂ ಚೆನ್ನಾಗಿತ್ತು. ಸುಳ್ಳು ಹೇಳಲಾರೆ.

ಮುಂದಿನದು ನಿನಗೆ ಪ್ರವಾಸದವರೇ ತಿಳಿಸಿದ್ದಾರೆ. ಇನ್ನು ಬಸ್ಸು ನಿನ್ನ ಮನೆಗೆ ಬರುವುದಿಲ್ಲ. ಅದು ಎಲ್ಲಿಗೆ ಬರುತ್ತದೆ ಎಂಬುದು ನಿನಗೆ ಗೊತ್ತಿರಲಿಕ್ಕಿಲ್ಲ. ಹೋದ ವಾರ ಕೊರಾದೊ ನನ್ನ ಬಾಗಿಲಿಗೆ ಬಂದಿದ್ದ. ಬರುವ ಏಪ್ರಿಲ್‌ನಿಂದ ಹನ್ನೆರಡೂವರೆಯ ಊಟ ಇಲ್ಲಿ. "ನನಗೆ ಅಳೋಕೆ ಬರಲ್ಲ" ಎಂದೆ. "ಬೇಡಮ್ಮ, ನೀವು ಬೈದ್ರೂ ಸಾಕು, ಅವರಿಗೆ ಅದೂ ಇಷ್ಟ" ಎಂದ. ಒಪ್ಪಿಕೊಂಡೆ. ಬಸ್ಸು ನಿನ್ನ ಊರನ್ನು ದಾಟಿಯೇ ಹೋಗಬೇಕು. ಶನಿವಾರಗಳಲ್ಲಿ ಕಿಟಕಿಯ ಹತ್ತಿರ ನಿಲ್ಲಬೇಡ.

'ಅಮ್ಮನೇ ಬರಬೇಡ ಅಂದಿದ್ದಳು' ಎಂದೂ ಬರೆದಿದ್ದೀಯ. ಹೌದು. ಮೊಂತೆರೂಸ್ಕೊದವನನ್ನು ಕಟ್ಟಿಕೊಂಡರೆ ಈ ಹೊಸಿಲು ತುಳಿಯಬೇಡ ಎಂದು ನನ್ನೆದುರೇ ಹೇಳಿದಳು. ಆದರೆ ಹಾಸಿಗೆ ಹಿಡಿದವರ ಮಾತನ್ನು ಮೀರಬಹುದು ಫೋಸ್ಕಾ. ನಾನು ದಿನಕ್ಕೆ ಹತ್ತು ಸಲ ಮೀರುತ್ತಿದ್ದೆ. ಸೂಪು ಬೇಡ ಎನ್ನುತ್ತಿದ್ದಳು, ಕುಡಿಸುತ್ತಿದ್ದೆ. ಮೈ ಒರೆಸಬೇಡ ಎಂದು ಕಚ್ಚಲು ಬರುತ್ತಿದ್ದಳು, ಒರೆಸುತ್ತಿದ್ದೆ. ಕಣಿವೆಯಾಚೆ, ರಸ್ತೆ ಸುತ್ತಿ ಬಂದರೆ ಹದಿನಾಲ್ಕು ಕಿಲೋಮೀಟರ್ ದೂರದಲ್ಲಿ, ನಮ್ಮ ಗಂಟೆ ಕೇಳಿಸಿಕೊಂಡು ಬದುಕಿದ ನಿನಗೆ ಒಂದೇ ಒಂದು ಸಲ ಮೀರಲು ಆಗಲಿಲ್ಲ. ಆ ಒಂಬತ್ತು ವರ್ಷ ನನ್ನದು. ಅದನ್ನು ತಟ್ಟೆಯಲ್ಲಿಟ್ಟು ಹಂಚಿದೆ ನೀನು. ನಷ್ಟ ಅದು.

ಚಳಿ ಶುರುವಾಗಿದೆ, ಮಂಡಿಗೆ ಉಣ್ಣೆ ಸುತ್ತಿಕೋ. ಮರಿಯಾ ಮಾತೆ ನಿನಗೆ ನೋವಿಲ್ಲದ ನಿದ್ದೆ ಕೊಡಲಿ, ನಿನ್ನ ಮೊಮ್ಮಕ್ಕಳು ಸತ್ಯವಂತರಾಗಲಿ. ಹಿರಿಯಳಾಗಿ ಹರಸಬೇಕಾದದ್ದನ್ನು ಹರಸಿದ್ದೇನೆ.

ನಿನ್ನ ಅಕ್ಕ,
ಸೆರಫೀನಾ

ಮತ್ತೆ: ಲಕೋಟೆ ಅಂಟಿಸಿದ್ದೆ, ಹರಿದು ತೆಗೆದೆ. ನಷ್ಟವೇನೆಂದು ಮೇಲೆ ಬರೆದದ್ದು ಪೂರ್ತಿ ಉತ್ತರವಲ್ಲ. ನಿನ್ನ ಕಥೆಯಲ್ಲಿ ಕೋಣೆ ತಪ್ಪು, ತೊಡೆ ತಪ್ಪು. ಹೆಸರು ಮಾತ್ರ ಸರಿ. ಅದು ಹೇಗೋ ನಿನ್ನ ಸುಳ್ಳಿಗೆ ಸಿಕ್ಕಿಬಿಟ್ಟಿದೆ.

ಹಗೇವಿನಲ್ಲಿ ಮೇಲಿನ ಚೀಲಗಳು ಒಣಗುತ್ತವೆ, ಅಡಿಯವು ಎಲ್ಲರ ಜಿಡ್ಡು ಕುಡಿದು ಕಹಿಯಾಗುತ್ತವೆ. ಒಳ್ಳೆಯ ಚೀಸು ಸಿಗುವುದು ನಡುವಿನ ಜಾಗದಲ್ಲಿ. ನೀನು ಮದುವೆಯಾಗಿ ಹೋದ ವರ್ಷದಿಂದ ಅಮ್ಮ ಪ್ರತಿ ಆಗಸ್ಟ್‌ನಲ್ಲೂ ಅಲ್ಲಿ ಒಂದು ಚೀಲ ಇಡಿಸಿದಳು. ಹೆಸರು ಬರೆಯಗೊಡಲಿಲ್ಲ, ಕೆಂಪು ದಾರದ ಗಂಟು ಅಷ್ಟೇ. ಅದು ಚರ್ಚಿನ ಪಾಲು ಎಂದು ಊರು ಇವತ್ತಿಗೂ ತಿಳಿದಿದೆ. ಕ್ರಿಸ್‌ಮಸ್‌ವರೆಗೆ ಯಾರೂ ಮುಟ್ಟುವಂತಿರಲಿಲ್ಲ. ನೀನು ಬರಲಿಲ್ಲವೆಂದು ಖಾತ್ರಿಯಾದ ಮೇಲೆ ಬಡವರಿಗೆ ಹೋಗುತ್ತಿತ್ತು.

ಅವಳು ತೀರಿಕೊಂಡ ಮಧ್ಯಾಹ್ನ, ಹಗೇವು ಮುಚ್ಚಿ ಎರಡು ದಿನವಾಗಿತ್ತು. ನನ್ನ ಮಣಿಕಟ್ಟು ಹಿಡಿದು, "ಫೋಸ್ಕಾಂದು ನಡುವೆ ಇಟ್ಟೆ ತಾನೆ?" ಎಂದಳು. "ಇಟ್ಟೆ ಅಮ್ಮ" ಎಂದೆ. ಆಮೇಲೆ ಮಾತಾಡಲಿಲ್ಲ.

ಅವಳು ಹೋದ ಮೇಲೂ ಇಡುತ್ತಿದ್ದೇನೆ. ಈ ವರ್ಷವೂ ಇಟ್ಟೆ, ನಿನ್ನನ್ನು ಎಲ್ಲರೆದುರು ಏನು ಕೇಳಬೇಕೆಂದು ಜೋಡಿಸಿಕೊಳ್ಳುತ್ತಲೇ ಇಟ್ಟೆ. ಇದನ್ನು ಬರೆಯುವಾಗಲೂ ಅದು ನನ್ನ ಕಾಲ ಕೆಳಗಿದೆ. ಬಾ ಎಂದು ಕರೆಯುತ್ತಿಲ್ಲ.

ನನ್ನ ಚೀಲ ಮೊದಲಿನಿಂದಲೂ ಅಡಿಯಲ್ಲಿ. "ನಿನ್ನದೆಲ್ಲಿಟ್ಟೆ ಸೆರಫೀನಾ?" ಎಂದು ಅಮ್ಮ ಒಂದು ಸಲವೂ ಕೇಳಲಿಲ್ಲ.