ಮೈಮೂನಾ ಹಡಗಿನ ಹೊಲಿಗೆ

ಸೂರ್ ಬಂದರು,
ಹಿಜರಿ ೧೨೦೪, ರಬೀಉಲ್ ಅವ್ವಲ್ ಹತ್ತು

ಶಂಸಾಳ ಅಪ್ಪನಿಗೆ ನಿಮ್ಮ ರಯ್ಯಾ ಮಾಡುವ ಸಲಾಮುಗಳು.

ಮೊಣಕಾಲಿನ ಬಾವು ಇಳಿಯಿತೇ? ಜಂಜಿಬಾರಿನ ಸೆಕೆಗೆ ಸಿಕ್ಕಾಪಟ್ಟೆ ಎಳನೀರು ಕುಡಿದು ಕೆಮ್ಮು ಹಚ್ಚಿಕೊಳ್ಳಬೇಡಿ. ನಾವೆಲ್ಲ ಚೆನ್ನಾಗಿದ್ದೇವೆ. ಮಗಳ ಹಟ ನಿಮ್ಮದೇ, ಬೇರೆ ಹೇಳಬೇಕಿಲ್ಲ.

ನಿಮ್ಮ ಪತ್ರ ಬಂತು. ಮೈಮೂನಾಳನ್ನು ಬಿಚ್ಚಿಸಿ ಹಲಗೆಗಳನ್ನು ಯಾರದಾದರೂ ಮನೆಯ ಮಾಡಿಗೆ ಕೊಟ್ಟುಬಿಡು, ಹಡಗು ಕೆಡಿಸಿದವನು ಸೂರಿನ ಜನಕ್ಕೆ ಹೇಗೆ ಮುಖ ತೋರಿಸಲಿ, ನಾನು ಇಲ್ಲೇ ಇರುತ್ತೇನೆ ಎಂದು ಬರೆದಿದ್ದೀರಿ. ಎರಡು ದಿನ ನಮ್ಮ ಅಡುಗೆಮನೆಯಲ್ಲಿ ಪಾತ್ರೆಗಳ ಸದ್ದೇ ಹೆಚ್ಚಾಗಿತ್ತು. ಮೂರನೆಯ ದಿನ ಮುದುಕ ಜುಮಾನನ್ನು ಕರೆಸಿದೆ. ಅವಳನ್ನು ಹೊಲಿದವನೂ ಅವನೇ ತಾನೆ! "ನನ್ನ ಕೈಯಿಂದ್ಲೇ ಮಾಡಿಸ್ತೀಯಲ್ಲ ತಾಯಿ, ಆ ಪಾಪ ನಿಂಗೇ ತಟ್ಲಿ" ಎಂದು ಬೈಯುತ್ತಲೇ ನಾರಿನ ಹಗ್ಗಗಳನ್ನೆಲ್ಲ ಕತ್ತರಿಸಿದ.

ನಮ್ಮ ಮದುವೆಯ ವರ್ಷವೇ ಅವಳು ನೀರಿಗಿಳಿದದ್ದು. ಮಲಬಾರಿನ ತೇಗ, ಹಲಗೆಗೆ ಹಲಗೆ ತೆಂಗಿನ ನಾರಿನಲ್ಲೇ ಹೊಲಿದದ್ದು, ಹುಡುಕಿದರೂ ಒಂದು ಮೊಳೆಯಿಲ್ಲ. ಅವಳ ಹೊಲಿಗೆಗೆ ಸವರಿ ನಿಮ್ಮ ಅಂಗಿಗೂ ಹತ್ತಿದ ಶಾರ್ಕ್ ಎಣ್ಣೆಯ ನಾತಕ್ಕೆ ನಾನು ಮೂಗು ಮುಚ್ಚಿದರೆ ನಿಮ್ಮ ತಾಯಿ, "ಒಗ್ಗಿಸ್ಕೊಳ್ಳೇ ಹುಡುಗಿ, ಅವನು ಮೊದ್ಲು ಕಟ್ಕೊಂಡಿದ್ದು ಅವಳನ್ನ" ಎಂದು ನಕ್ಕಿದ್ದರು. ಸವತಿಯೆಂದೇ ಇಪ್ಪತ್ತು ವರ್ಷ ಅವಳ ಮೇಲೆ ಉರಿದುಕೊಂಡೆ. ಬಸ್ರಾದ ಖರ್ಜೂರ ಹೊತ್ತು ಮಂಗಳೂರಿಗೆ ಹೋಗುವಳು, ಅಲ್ಲಿಯ ಅಕ್ಕಿ ತಂದು ಮಸ್ಕತ್ತಿಗೆ ಉಣ್ಣಿಸುವಳು. ಅವಳು ಲಾಮುವಿನಿಂದ ತಂದ ಗಳಗಳೇ ಇಂದಿಗೂ ನಮ್ಮ ಮಾಡನ್ನು ಹೊತ್ತಿವೆ. ಶಂಸಾಳ ಮುಖ ನೀವು ನೋಡಿದ್ದು ಅವಳಿಗೆ ಹಲ್ಲು ಬಂದ ಮೇಲೆ. ಅವತ್ತು ಮಗುವನ್ನೆತ್ತಿಕೊಂಡು ಸೊಂಟದುದ್ದ ನೀರಿಗಿಳಿದಿದ್ದೆ, ನೆನಪಿದೆಯೇ? ಎಂಥ ಸುಖದ ದಿನಗಳು!

ಆಮೇಲೆ ಆ ವರ್ಷ. ಮುಂಗಾರಿನ ಗಾಳಿಗೆ ಸಮುದ್ರ ಮುಚ್ಚುವ ತಿಂಗಳುಗಳಲ್ಲಿ ದಡಕ್ಕೆಳೆದ ಹಡಗನ್ನು, ಹೊಲಿಗೆಗೆ ಎಣ್ಣೆ ಕುಡಿಸದೆ ಯಾರಾದರೂ ನೀರಿಗಿಳಿಸುತ್ತಾರೆಯೇ? ಎಲ್ಲರಿಗಿಂತ ಮೊದಲು ಮಂಗಳೂರು ಮುಟ್ಟುವ ಆತುರ ನಿಮಗೆ. ಜುಮಾ ಬೇಡವೆಂದರೂ, "ಮೇಲೆ ಮೇಲೆ ಸವರು ಸಾಕು, ಅವಳೇನು ಮದುಮಗಳಾ?" ಎಂದಿರಿ. ಹಿಂದಿರುಗುವಾಗ ನಾರು ಹರಿದು ಅಕ್ಕಿಯೆಲ್ಲ ಸಮುದ್ರದ ಪಾಲಾಯಿತು, ಬರಿ ಹಡಗು ಹೇಗೋ ಸೂರಿನ ದಡ ಸೇರಿತು. ಜನ ಉಳಿದರಲ್ಲ ಎಂದು ನಾನು ದೇವರಿಗೆ ಕೈಯೆತ್ತಿದೆ. ಊರು ನಕ್ಕಿತೆಂದು ನೀವು ಬೇರೆಯವರ ಹಡಗು ಹತ್ತಿದಿರಿ. ಎರಡು ವರ್ಷವಾಯಿತು, ಈ ಮನೆಯಲ್ಲಿ ನನಗೆ ಹೊತ್ತು ಹೋಗುವುದಿಲ್ಲ. ಮರಳಿನ ಮೇಲೆ ಸಾಲಾಗಿ ಮಲಗಿದ್ದ ಅವಳ ಹಲಗೆಗಳನ್ನು ನೋಡಿ ಜೋರಾಗಿ ಅತ್ತುಬಿಟ್ಟೆ.

ನಿಮ್ಮ ತಾಯಿ ಪ್ರತಿ ನಮಾಜಿನಲ್ಲೂ ನಿಮ್ಮ ಹೆಸರೆತ್ತುತ್ತಾರೆ. ಶಂಸಾ ನಿಮ್ಮ ಕೈಗೆ ಮುತ್ತಿಟ್ಟಿದ್ದಾಳೆ. ದೇವರು ನಿಮ್ಮನ್ನು ಕಾಯಲಿ.

ನಿಮ್ಮ,
ರಯ್ಯಾ

ಮತ್ತೊಂದು ಮಾತು. ನನ್ನ ತಮ್ಮ ನಬ್ಹಾನ್ ಲಂಗರು ಎತ್ತಬೇಕೆಂದು ಬಾಗಿಲಲ್ಲಿ ನಿಂತು ಅವಸರ ಮಾಡುತ್ತಿದ್ದಾನೆ. ಹಲಗೆಗಳನ್ನು ನಾನು ಯಾರಿಗೂ ಕೊಡಲಿಲ್ಲ. ಕೊಳೆತದ್ದು ನಾರು ಮಾತ್ರ, ಮರವೆಲ್ಲ ಗಟ್ಟಿಯಾಗಿತ್ತು. ಜುಮಾ ಹೊಸ ನಾರಿನಲ್ಲಿ ಮತ್ತೆ ಹೊಲಿದ. ಈ ಪತ್ರ ಬಂದಿರುವುದು ಮೈಮೂನಾಳಲ್ಲೇ. ದಡಕ್ಕೆ ಹೋಗಿ ನೋಡಿ, ನೀವೇ ನಡೆಸಿಕೊಂಡು ಬನ್ನಿ. ಸೂರಿನ ಜನಕ್ಕೆ ಅಂಜುತ್ತೀರಲ್ಲ, ಹಗ್ಗ ಹಿಡಿದು ಅವಳನ್ನು ನೀರಿಗೆಳೆದವರು ಅವರೇ.