ಅಳಿಸಬೇಕಾದ ಒಂದು ಕೆಳದನಿ

ಮಾನ್ಯ ಚಿತ್ರಸಂಗೀತ ಪರಿಶೀಲನಾಧಿಕಾರಿಗಳೇ,

ನಾಲ್ಕು ನಿಮಿಷದ ಒಂದು ಹಾಡಿಗೆ ಈವರೆಗೆ ತಗುಲಿದ ವೆಚ್ಚ: ಏಳು ತಿಂಗಳು, ನಮ್ಮ ಗುರಿಯಾ ಸೀಮೆಯಿಂದ ರಾಜಧಾನಿ ಟಿಬಿಲಿಸಿಯ ನಿಮ್ಮ ಕಚೇರಿಗೆ ಒಂಬತ್ತು ಮಿನಿಬಸ್ ಪ್ರಯಾಣ, ಹದಿನಾಲ್ಕು ಅರ್ಜಿ, ಮತ್ತು ಪಾರ್ಮೆನ್ ಎಂಬ ಎಂಬತ್ಮೂರರ ಹಾಡುಗಾರರ ಬಲಗಿವಿ. ಕೊನೆಯದು ನಿಮ್ಮ ಕಡತದಲ್ಲಿ ಸಿಗದು, ಅದಕ್ಕೆ ನಮೂನೆಯಿಲ್ಲ. ತಾವು ತಡೆಹಿಡಿದ ಪ್ರಮಾಣಪತ್ರವಿಲ್ಲದೆ ನಮ್ಮ ಚಿತ್ರ ಪರದೆ ಹತ್ತುವಂತಿಲ್ಲ.

ಮದುವೆಮನೆಗಳಲ್ಲಿ ಅಕಾರ್ಡಿಯನ್ ನುಡಿಸುತ್ತ ಸಂಗೀತ ಕಲಿತವನು ನಾನು. ವಾದ್ಯವೃಂದಕ್ಕೆ ಗತಿಯಿಲ್ಲದ ಸಣ್ಣ ಚಿತ್ರಗಳಿಗೆ ರಾಗ ಹಾಕುತ್ತೇನೆ. ಈ ಚಿತ್ರಕ್ಕೂ, ಮೂರು ದನಿಗಳು ಒಟ್ಟಿಗೆ ಹೆಣೆದುಕೊಳ್ಳುವ ನಮ್ಮ ಸೀಮೆಯ ಹಾಡಿನ ಧಾಟಿಯಲ್ಲಿ, ನಡುದನಿಯೊಂದನ್ನು ಬರೆದುಕೊಂಡು ಪಾರ್ಮೆನ್ ಅವರ ಮನೆಗೆ ಹೋದೆ. ಮೇಲುದನಿಯನ್ನು ಅವರು ಕೂತಲ್ಲೇ ಕಟ್ಟಿದರು. ಕೆಳದನಿಗೆ ನೆರೆಯ ಐವರು ಬಂದರು. ಮೇಜಿನ ಮೇಲೆ ಗಿಣ್ಣಿನ ರೊಟ್ಟಿ, ವೈನು, ನಡುವೆ ಒಂದೇ ಮೈಕು. ಹಾಡು ಮುಗಿದಾಗ ನೋಡಿದರೆ, ಧ್ವನಿಮುದ್ರಣ ಮಾಡಬೇಕಾದ ನುಗ್ಜಾರ್ ಹೆಡ್‌ಫೋನ್ ಹಾಕಿಕೊಂಡೇ ಕೆಳದನಿಗೆ ಸೇರಿಬಿಟ್ಟಿದ್ದ. ಬೈದೆ.

"ಮೇಜಿನ ಮುಂದೆ ಬಾಯ್ಮುಚ್ಕೊಂಡು ಕೂರೋಕೆ ನಾನೇನು ಹೆಣಾನೇನಣ್ಣ?" ಎಂದ.

ಮುದ್ರಣವನ್ನು ಕೇಳಿ ನೋಡಿದೆ. ಅಷ್ಟು ಚೆನ್ನಾಗಿ ಇನ್ನೊಮ್ಮೆ ಬರುವಂತಿರಲಿಲ್ಲ. ಹಾಗೇ ಉಳಿಸಿಕೊಂಡೆ.

ಆಮೇಲೆ ಮಹಾಪರಾಧ ಮಾಡಿದೆ: ನಿಮ್ಮ ನಮೂನೆಯಲ್ಲಿ ನಿಜ ಬರೆದೆ. ತಂತ್ರಜ್ಞ ಗಾಯಕನಾಗುವಂತಿಲ್ಲವೆಂಬ ನಿಯಮ ಆಗ ತಿಳಿಯಿತು. ಅವನ ದನಿಯೊಂದನ್ನು ಅಳಿಸಿ ತಂದರೆ ಸಾಕು, ಮಿಕ್ಕಿದ್ದು ಹಾಗೇ ಇರಲಿ ಎಂದು ನಿಮ್ಮ ಗುಮಾಸ್ತರು ಉದಾರವಾಗಿ ಸೂಚಿಸಿದರು. ಕುದಿದ ಸಾರಿನಿಂದ ಉಪ್ಪನ್ನು ಮಾತ್ರ ಹೆಕ್ಕುವ ವಿದ್ಯೆ ತಮ್ಮ ಕಚೇರಿಯಲ್ಲಿದ್ದರೆ ದಯಮಾಡಿ ಕಲಿಸಿ. ಮತ್ತೆ ಹಾಡಿಸಬೇಕೆ? ಜನವರಿಯಲ್ಲಿ ಪಾರ್ಮೆನ್ ಅವರ ಬಲಗಿವಿ ಹೋಯಿತು. ಪಕ್ಕದವರ ದನಿ ಕೇಳದೆ ಮೇಲುದನಿ ನಿಲ್ಲುವುದಾದರೂ ಹೇಗೆ? ಎಡಗಿವಿ ದ್ರಾಕ್ಷಿ ಸುಗ್ಗಿಯವರೆಗೆ ಉಳಿದರೆ ಪುಣ್ಯವೆಂದಿದ್ದಾರೆ ವೈದ್ಯರು. ಕಳೆದ ವಾರ ಪಾರ್ಮೆನ್ ನನ್ನನ್ನು ಎಡಬದಿಗೆ ಕೂರಿಸಿಕೊಂಡು ಹೇಳಿದರು: "ಆ ಸಾಹೇಬರು ಸಾವಕಾಶವಾಗಿ ರುಜು ಹಾಕ್ಲಿ ಮಗಾ. ಚಿತ್ರ ನೋಡೋಕೆ ಕಣ್ಣು ಗಟ್ಟಿಯಾಗಿವೆ."

ಆದ್ದರಿಂದ ನನ್ನ ಬೇಡಿಕೆ ಇಷ್ಟೇ: ದ್ರಾಕ್ಷಿ ಕೊಯ್ಲಿಗೆ ಮುನ್ನ ಹಾಡನ್ನು ಇದ್ದಂತೆಯೇ ಒಪ್ಪಿ. ಇಲ್ಲವೇ ತಾವೇ ಬಂದು ಆ ಮೇಜಿನ ಮುಂದೆ, ನೆರೆಯ ಆ ಐವರು ಹಾಡುವಾಗ, ನಾಲ್ಕು ನಿಮಿಷ ತುಟಿ ಬಿಚ್ಚದೆ ಕೂತು ತೋರಿಸಿ; ನುಗ್ಜಾರನ ತಪ್ಪನ್ನು ನಾನೇ ಬರೆದುಕೊಡುತ್ತೇನೆ.

ಈವರೆಗೆ ಯಾರಿಗೆ ಏನು ದಕ್ಕಿತು ಎಂಬುದನ್ನೂ ದಾಖಲಿಸಿಕೊಳ್ಳಿ. ನಿಮ್ಮ ಕಚೇರಿಗೆ ದಪ್ಪನೆಯ ಕಡತ. ನಿಯಮಕ್ಕೆ ಜಯ. ನುಗ್ಜಾರನಿಗೆ ಒಂದು ನೋಟಿಸು. ನನಗೆ ನಿಮ್ಮ ಕಾಯುವ ಬೆಂಚಿನ ಪರಿಚಯ. ಪಾರ್ಮೆನ್ ಅವರಿಗೆ, ಇನ್ನೂ ಏನೂ ಇಲ್ಲ.

ಇಂತಿ,
ನಿಜ ಬರೆದು ಕೆಟ್ಟ ಸಂಗೀತಗಾರ,
ಗೆರ್ವಾಸಿ